ಹದ್ದುಬಸ್ತು ಆದರೂ ಒತ್ತುವರಿ ಬಿಡ್ತಿಲ್ಲ, ಸಹಾಯ ಬೇಕು

ನಮಸ್ಕಾರ. ತುಮಕೂರು ಕಡೆ ಅಪ್ಪನ ಹೆಸರಲ್ಲಿ ಹೊಲ ಇದೆ. ಪಕ್ಕದವರು ಉಳುವಾಗೆಲ್ಲ ಬದುವನ್ನು ಸ್ವಲ್ಪ ಸ್ವಲ್ಪವೇ ತಿಂದು ಈಗ ಸುಮಾರು ಮೂರು ಗುಂಟೆ ಒಳಗೆ ಬಂದಿದ್ದಾರೆ. ಹದ್ದುಬಸ್ತು (ಸರ್ವೆಯರ್ ಕೈಲಿ ಜಮೀನಿನ ಗಡಿ ಅಳೆಸಿ ಗುರುತಿಸುವುದು) ಮಾಡಿಸಿದೆವು. ಸರ್ವೆಯರ್ ಗುರುತು ಮಾಡಿ ನೆಡಿಸಿದ ಕಲ್ಲನ್ನೇ ಕಿತ್ತು ತಂತಿ ಬೇಲಿ ಹಾಕಿಕೊಂಡರು. ಪೊಲೀಸರು ಸಿವಿಲ್ ವಿಷಯ ಅಂತಾರೆ (ಕಲ್ಲು ಕಿತ್ತಿದ್ದೂ ಸಿವಿಲ್ಲಾ?).

ಒಬ್ಬ ವಕೀಲರು ತಡೆಯಾಜ್ಞೆ ದಾವೆ ಸಾಕು ಅಂದರು. ಇನ್ನೊಬ್ಬರು, ಜಾಗ ಈಗಾಗಲೇ ಅವರ ಕೈಲಿರುವುದರಿಂದ ಬರೀ ತಡೆಯಾಜ್ಞೆ ನಿಲ್ಲಲ್ಲ, ಸ್ವಾಧೀನವನ್ನೂ ಕೇಳಬೇಕು, ಅದಕ್ಕೆ 12 ವರ್ಷದ ಗಡುವೂ ಇದೆ ಅಂತಾರೆ. ನನಗೂ ಇದೇ ಸರಿ ಅನ್ನಿಸುತ್ತೆ. ಕೋರ್ಟ್ ಕಮಿಷನರ್ (ಸ್ಥಳ ಪರಿಶೀಲನೆಗೆ ಕೋರ್ಟ್ ನೇಮಿಸುವವರು) ಮೂಲಕ ಮತ್ತೆ ಅಳತೆ ಮಾಡಿಸುವ ಅರ್ಜಿಯನ್ನು ದಾವೆ ಜೊತೆಗೇ ಹಾಕಬಹುದಾ, ಸಾಕ್ಷಿ ವಿಚಾರಣೆವರೆಗೂ ಕಾಯಬೇಕಾ? ಟಿಪ್ಪಣಿ (ಸರ್ವೆ ಅಳತೆಯ ದಾಖಲೆ), ಆಕಾರಬಂದ್ (ವಿಸ್ತೀರ್ಣ, ಕಂದಾಯದ ದಾಖಲೆ), ಪಹಣಿ ಎಲ್ಲ ಕೈಲಿವೆ. ಅನುಭವ ಇರುವವರು ಹೇಳಿ. ಸುಮ್ನೆ ರಾಜಿ ಮಾಡ್ಕೊಳ್ಳಿ ಅನ್ನಬೇಡಿ, ಊರ ಹಿರಿಯರ ಪಂಚಾಯ್ತಿನೂ ಆಗಿದೆ.