ಸಹಾಯ ಬೇಕು: ಗುಂಪಿನಲ್ಲಿ ಒಬ್ಬರೇ ಮಾತಾಡುತ್ತಾರೆ

ನಮಸ್ಕಾರ. ಮಂಗಳೂರಿನಲ್ಲಿ ಎಂಎಸ್‌ಡಬ್ಲ್ಯೂ (ಸಮಾಜಕಾರ್ಯದ ಸ್ನಾತಕೋತ್ತರ ಪದವಿ) ಓದುತ್ತಿದ್ದೇನೆ. ಫೀಲ್ಡ್ ವರ್ಕ್‌ಗೆ ಬಜಪೆ ಕಡೆ ಬೀಡಿ ಕಟ್ಟುವ ಹೆಂಗಸರ ಗುಂಪು ಸಿಕ್ಕಿದೆ. ಮಡಿಲಲ್ಲಿ ಮೊರ ಇಟ್ಟುಕೊಂಡೇ ಕೂರುತ್ತಾರೆ, ಕೈ ನಿಲ್ಲುವುದಿಲ್ಲ. ನಿಲ್ಲಿಸಿ ಅನ್ನುವುದೂ ಸರಿಯಲ್ಲ, ಕೂಲಿ ಸಾವಿರ ಬೀಡಿ ಲೆಕ್ಕದಲ್ಲಿ ಅಲ್ವಾ.

ಹಿರಿಯ ಅಕ್ಕ ಒಬ್ಬರೇ ಮಾತಾಡುತ್ತಾರೆ. ಪಿಎಫ್ ವಿಷಯ ಎತ್ತಿದರೆ ಉಳಿದವರು ಅವರ ಮುಖ ನೋಡಿ, ತಲೆ ತಗ್ಗಿಸಿ ಎಲೆ ಕತ್ತರಿಸುತ್ತಾರೆ. ಸರದಿಯಲ್ಲಿ ಕೇಳಿದೆ, ಜೋಡಿ ಮಾಡಿ ಕೂರಿಸಿದೆ, ತುಳುವಿನಲ್ಲೇ ಮಾತಾಡಿದೆ. "ಅಕ್ಕ ಹೇಳಿದ್ದೇ ಸರಿ" ಅಂತ ಸುಮ್ಮನಾಗುತ್ತಾರೆ. ಎಲ್ಲರನ್ನೂ ಸೇರಿಸಿದ್ದು ಆ ಅಕ್ಕನೇ. ಅವರ ಮನಸ್ಸು ನೋಯಿಸಲಾರೆ.

ಟಕ್‌ಮನ್ ಎಂಬ ಮನಶ್ಶಾಸ್ತ್ರಜ್ಞ 1965ರಲ್ಲಿ ಹೇಳಿದ ಗುಂಪಿನ ಬೆಳವಣಿಗೆಯ ಹಂತಗಳಲ್ಲಿ ಎರಡನೆಯದು ತಿಕ್ಕಾಟದ್ದು. ಇಲ್ಲಿ ತಿಕ್ಕಾಟವೇ ಕಾಣುತ್ತಿಲ್ಲ. ಹಾಗಾದರೆ ಗುಂಪು ಇನ್ನೂ ಪರಸ್ಪರ ಪರಿಚಯವಾಗುವ ಮೊದಲ ಹಂತದಲ್ಲೇ ಇದೆಯಾ? ಅಕ್ಕನಿಗೆ ಯಾವ ಜವಾಬ್ದಾರಿ ಕೊಟ್ಟರೆ ಉಳಿದವರು ಬಾಯಿ ಬಿಟ್ಟಾರು? ಇಂಥ ಗುಂಪು ನಡೆಸಿದವರು ದಯವಿಟ್ಟು ತಿಳಿಸಿ.