ವಕೀಲರನ್ನು ಕೇಳಿ: ಸಹಕಾರ ಬ್ಯಾಂಕ್ ನೇಮಕಾತಿ ತಕರಾರು (ದಾವಣಗೆರೆ–ಚಿತ್ರದುರ್ಗ ಗುಂಪು)

ಹರಿಹರದ ಅಭ್ಯರ್ಥಿ: ಮೇಡಂ, ಒಂದು ಪಟ್ಟಣ ಸಹಕಾರ ಬ್ಯಾಂಕಿನ ಕಿರಿಯ ಸಹಾಯಕ ಹುದ್ದೆಗೆ ಬರೆದಿದ್ದೆ. ಪ್ರಕಟಣೆಯಲ್ಲಿ ಲಿಖಿತಕ್ಕೆ 85, ಸಂದರ್ಶನಕ್ಕೆ 15 ಅಂತಿತ್ತು. ಐದು ಹುದ್ದೆ, ಲಿಖಿತದಲ್ಲಿ ನಾನು ಮೂರನೆಯವಳು. ಸಂದರ್ಶನದಲ್ಲಿ ‘ಅಪ್ಪ ಏನ್ ಮಾಡ್ತಾರೆ’ ಅಂದರು. ‘ಮಂಡಕ್ಕಿ ಭಟ್ಟಿಯಲ್ಲಿ ಕೆಲಸ’ ಅಂದೆ. ‘ಆಯ್ತು ಹೋಗಮ್ಮ’ ಅಂದರು, ಅಷ್ಟೇ. 15ಕ್ಕೆ 4 ಕೊಟ್ಟಿದ್ದಾರೆ. ಈಗ ನೋಟಿಸ್ ಬೋರ್ಡಲ್ಲಿ ‘ಸಂದರ್ಶನದಲ್ಲಿ ಕನಿಷ್ಠ 8 ಅಂಕ ಪಡೆಯದವರನ್ನು ಪರಿಗಣಿಸಿಲ್ಲ’ ಅಂತ ಹಾಕಿದ್ದಾರೆ. ಆಯ್ಕೆಯಾದವರಲ್ಲಿ ಒಬ್ಬ ನಿರ್ದೇಶಕರ ಅಕ್ಕನ ಮಗ.

ಜಗಳೂರಿನ ಸದಸ್ಯ: ಮೇಡಂ, ಕೋರ್ಟಿಗೆ ಹೋದರೆ ಸ್ಟೇ ಸಿಗುತ್ತಾ?

ವಕೀಲರು: ಯಾವ ಬ್ಯಾಂಕು, ಏನು ತಪ್ಪು ಅಂತ ಹೇಳದೆ ಉತ್ತರ ಇಲ್ಲ.

ಚಳ್ಳಕೆರೆಯ ಸದಸ್ಯ: ಎಲ್ಲರಿಗೂ ಒಂದು ಮೆಸೇಜ್ ಬಂದಿದೆ, ನೋಡಿ: ‘ಬ್ಯಾಂಕಿನ ವಿರುದ್ಧ ಕೇವಿಯಟ್ ಹಾಕಿದರೆ ನೇಮಕಾತಿ ತಾನಾಗೇ ನಿಲ್ಲುತ್ತದೆ. ಆರ್‌ಟಿಐ ಹಾಕಿದರೆ 30 ದಿನದಲ್ಲಿ ಉತ್ತರ ಪತ್ರಿಕೆ ಕೈಗೆ.’

ವಕೀಲರು: ದಯವಿಟ್ಟು ಇದನ್ನು ಅಳಿಸಿ. ಕೇವಿಯಟ್ ಯಾವುದನ್ನೂ ನಿಲ್ಲಿಸುವುದಿಲ್ಲ. ಎದುರಿನವರು ಕೋರ್ಟಿಗೆ ಬಂದರೆ ನಿಮಗೆ ತಿಳಿಸಿಯೇ ಆದೇಶ ಮಾಡಲಿ ಎನ್ನುವುದಕ್ಕೆ ಅದು, ಅದೂ 90 ದಿನ ಮಾತ್ರ. ಸರ್ಕಾರದ ದೊಡ್ಡ ಹಣ ಇಲ್ಲದ ಸಹಕಾರ ಸಂಘಕ್ಕೆ ಆರ್‌ಟಿಐ ನೇರವಾಗಿ ಅನ್ವಯಿಸುವುದಿಲ್ಲ ಅಂತ 2013ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ, ತಲಪ್ಪಲಂ ಬ್ಯಾಂಕ್ ಪ್ರಕರಣದಲ್ಲಿ. ಇಂಥ ಮೆಸೇಜ್ ನಂಬಿ ಮೂರು ತಿಂಗಳು ಕಳೆದುಕೊಂಡು ಬಂದವರನ್ನು ನೋಡಿದ್ದೇನೆ. ಅಷ್ಟೊತ್ತಿಗೆ ಆಯ್ಕೆಯಾದವರು ಸಂಬಳ ಎಣಿಸುತ್ತಿರುತ್ತಾರೆ.

ಹರಿಹರದ ತಂಗೀ, ನಿನ್ನ ವಿಷಯ ಬೇರೆ. ಅಕ್ಕನ ಮಗ ಅನ್ನುವುದನ್ನು ಸದ್ಯಕ್ಕೆ ಬಿಡು, ನೆಂಟಸ್ತಿಕೆ ಒಂದರಿಂದಲೇ ಆಯ್ಕೆ ಬೀಳುವುದಿಲ್ಲ. ಆ ‘ಕನಿಷ್ಠ 8’ ಎಲ್ಲಿಂದ ಬಂತು ಅನ್ನುವುದು ಮುಖ್ಯ. ಮಂಜುಶ್ರೀ ಪ್ರಕರಣದಲ್ಲಿ, 2008ರಲ್ಲಿ, ಸಂದರ್ಶನ ಮುಗಿದ ಮೇಲೆ ಕನಿಷ್ಠ ಅಂಕ ತಂದದ್ದನ್ನು ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. 2024ರ ನವೆಂಬರ್‌ನಲ್ಲಿ ಐವರು ನ್ಯಾಯಮೂರ್ತಿಗಳ ಪೀಠ ಅದನ್ನೇ ಎತ್ತಿಹಿಡಿದು, ಇಂಥ ಮಟ್ಟ ಇಡುವುದಾದರೆ ಆ ಹಂತ ಶುರುವಾಗುವ ಮೊದಲೇ ಇಡಬೇಕು ಅಂದಿತು. ಆಡಳಿತ ಮಂಡಳಿ ಠರಾವು ಮಾಡಿದ್ದು ಯಾವ ತಾರೀಕು? ಸಂದರ್ಶನದ ಹಿಂದೋ ಮುಂದೋ? ನಿನ್ನ ಕೇಸು ನಿಂತಿರುವುದು ಅದರ ಮೇಲೆ. ನಡವಳಿ ಪುಸ್ತಕ ಬ್ಯಾಂಕು ತೋರಿಸದಿರಬಹುದು. ಆದರೆ ಕಾನೂನಿನಂತೆ ಸಹಕಾರ ಸಂಘಗಳ ನಿಬಂಧಕರು (ರಿಜಿಸ್ಟ್ರಾರ್) ತರಿಸಿಕೊಳ್ಳಬಹುದಾದ ದಾಖಲೆಯನ್ನು ಅವರ ಕಚೇರಿಗೆ ಆರ್‌ಟಿಐ ಹಾಕಿ ಕೇಳಬಹುದು, ಅದೇ 2013ರ ತೀರ್ಪಿನಲ್ಲಿದೆ.

ನನಗೆ ಚಿಂತೆ ಇರುವುದು ಎಲ್ಲಿ ಹೋಗಬೇಕು ಅನ್ನುವುದರಲ್ಲಿ. 1959ರ ಕರ್ನಾಟಕ ಸಹಕಾರ ಸಂಘಗಳ ಕಾಯ್ದೆಯ 70ನೇ ಕಲಂ ಸದಸ್ಯರ, ನೌಕರರ ತಕರಾರಿಗೆ. ನೀನು ನೌಕರಳಲ್ಲ, ಬರೀ ಅಭ್ಯರ್ಥಿ. ಹೈಕೋರ್ಟಿಗೆ ರಿಟ್ ಹಾಕಿದರೆ ಸಹಕಾರ ಬ್ಯಾಂಕು ‘ಸರ್ಕಾರ’ ಅಲ್ಲ ಅಂತ ಎದುರಿನವರು ಮೊದಲೇ ಎತ್ತುತ್ತಾರೆ. ಹಾಗೆ ಹೇಳಿದ ಸುಪ್ರೀಂ ಕೋರ್ಟಿನ ಎಸ್.ಎಸ್. ರಾಣಾ ತೀರ್ಪು ಅವರ ಕೈಯಲ್ಲಿರುತ್ತದೆ. ಕಾಯ್ದೆ ಅಥವಾ 1960ರ ನಿಯಮ ಮುರಿದಿದ್ದಾರೆ ಅಂತ ತೋರಿಸಿದರೆ ಮಾತ್ರ ದಾರಿ ತೆರೆಯುತ್ತದೆ. ನಿನ್ನ ಹೆಸರಲ್ಲಿ ಆ ಬ್ಯಾಂಕಿನ ಷೇರು ಇದೆಯಾ? ಇದ್ದರೆ ‘70ಕ್ಕೆ ಹೋಗು’ ಅನ್ನುತ್ತಾರೆ. ಆಯ್ಕೆಯಾದ ಐವರನ್ನೂ ಎದುರುದಾರರನ್ನಾಗಿ ಮಾಡಲೇಬೇಕು, ಬಿಟ್ಟರೆ ಅಷ್ಟಕ್ಕೇ ಅರ್ಜಿ ಬೀಳುತ್ತದೆ. ನೋಟಿಸ್ ಬೋರ್ಡಿನ ಫೋಟೊ ತೆಗೆದಿದ್ದೀಯಾ?

ಹರಿಹರದ ಅಭ್ಯರ್ಥಿ: ಅವತ್ತೇ ತೆಗೆದೆ ಮೇಡಂ. ಮಾರನೇ ದಿನ ಹಾಳೆ ಹರಿದಿತ್ತು, ಪಿನ್ ಮಾತ್ರ ಇತ್ತು. ಷೇರು ಅಪ್ಪನ ಹೆಸರಲ್ಲಿದೆ.

ಹೊಸದುರ್ಗದ ಸದಸ್ಯ: ಪರೀಕ್ಷೆ ಬರೆದವರದೇ ದೊಡ್ಡ ಗೋಳು. ನಾನು 11 ವರ್ಷದಿಂದ ಪಿಗ್ಮಿ ಕಟ್ಟಿಸ್ಕೊಂಡು ಬೀದಿ ಬೀದಿ ಅಲೀತಿದೀನಿ. ನಮ್ಮನ್ನು ಮೊದಲು ಕಾಯಂ ಮಾಡಲಿ.

ಜಗಳೂರಿನ ಸದಸ್ಯ: ಪರೀಕ್ಷೆ ಇಲ್ಲದೆ ಒಳಗೆ ಬಂದವರು ನಮ್ಮ ಹುದ್ದೆ ತಿನ್ನೋದು ಯಾವ ನ್ಯಾಯ?

ಹೊಸದುರ್ಗದ ಸದಸ್ಯ: ಬಿಸಿಲಲ್ಲಿ ಒಂದಿನ ಸುತ್ತಿ ಬಾ ತಮ್ಮ, ಆಮೇಲೆ ಮಾತಾಡು.

ಜಗಳೂರಿನ ಸದಸ್ಯ: ನಾನೂ ಹೊಲದಲ್ಲೇ ಬೆಳೆದವನು, ನಿಮ್ಮಿಂದ ಬಿಸಿಲು ಕಲೀಬೇಕಿಲ್ಲ.

ವಕೀಲರು: ಸಾಕು ಮಾಡಿ. ಪಿಗ್ಮಿ ಸಂಗ್ರಾಹಕರು ‘ಕೆಲಸಗಾರರು’ ಹೌದು, ಆದರೆ ಕಾಯಂ ನೌಕರರಂತೆ ಸೇರಿಸಿಕೊಳ್ಳಿ ಅಂತ ಕೇಳುವ ಹಕ್ಕಿಲ್ಲ ಅಂತ 2001ರ ತೀರ್ಪಿದೆ. ಉಮಾದೇವಿ ತೀರ್ಪು 2006ರದು, ಹಿಂಬಾಗಿಲ ನೇಮಕಾತಿಯನ್ನು ಕಾಯಂ ಮಾಡಬಾರದು ಅಂದಿತು. ನಿಮ್ಮ ಶ್ರಮ ನನಗೆ ಗೊತ್ತು, ಆದರೆ ಹರಿಹರದ ಹುಡುಗಿಯ ಮೇಲೆ ತೀರಿಸಬೇಡಿ.

ಚನ್ನಗಿರಿಯ ಸದಸ್ಯೆ: ಮೇಡಂ, ಕಾಯುವ ಪಟ್ಟಿಯಲ್ಲಿದ್ದೇನೆ. ಹಕ್ಕಿದೆಯಾ?

ವಕೀಲರು: ಆಯ್ಕೆ ಪಟ್ಟಿಯಲ್ಲಿದ್ದರೂ ಹುದ್ದೆ ಹಕ್ಕಲ್ಲ. 1991ರಿಂದ ಅದೇ ಕಾನೂನು.

ಚಳ್ಳಕೆರೆಯ ಸದಸ್ಯ: ಧಾರವಾಡದಲ್ಲಿ ಹಾಕಿದರೆ ಬೇಗ ಆಗುತ್ತಂತೆ?

ವಕೀಲರು: ನಮ್ಮ ಎರಡೂ ಜಿಲ್ಲೆಗೆ ಬೆಂಗಳೂರು ಪೀಠ. ಮೂರನೇ ಸಲ ಹೇಳುತ್ತಿದ್ದೇನೆ.

ಹೊಳಲ್ಕೆರೆಯ ಸದಸ್ಯ: ಕೆಲಸ ಕೊಡಿಸ್ತೀನಿ ಅಂತ ನಮ್ಮೂರಿನವರು ದುಡ್ಡು ತಗೊಂಡಿದಾರೆ. ವಾಪಸ್ ಕೇಳಿದ್ರೆ ನಾನೂ ಸಿಕ್ಕಿಬೀಳ್ತೀನಾ?

ಜಗಳೂರಿನ ಸದಸ್ಯ: ಸ್ಟೇ ಬಗ್ಗೆ ಹೇಳಲೇ ಇಲ್ಲ ಮೇಡಂ.

ವಕೀಲರು: ಹೇಳಿದ್ದೇನೆ, ಮೇಲೆ ಓದಿ. ಹರಿಹರದವಳೇ, ಪ್ರಕಟಣೆ ಬಂದ ಪೇಪರ್ ಪೂರ್ತಿ ಹಾಳೆ, ಪ್ರವೇಶ ಪತ್ರ, ಆ ಫೋಟೊ ಇರುವ ಮೂಲ ಫೋನು ತಗೊಂಡು ಸೋಮವಾರ ಬೆಳಗ್ಗೆ ಹತ್ತಕ್ಕೆ ಬಾ. ಅಪ್ಪನನ್ನೂ ಕರೆದುಕೊಂಡು ಬಾ. ಫೋನಿನಿಂದ ಏನನ್ನೂ ಅಳಿಸಬೇಡ.

ಹರಿಹರದ ಅಭ್ಯರ್ಥಿ: ಅಪ್ಪ ಬೆಳಗಿನ ಪಾಳಿ ಮುಗಿಸಿ ಹನ್ನೊಂದಕ್ಕೆ ಬರಬಹುದಾ ಮೇಡಂ?

ವಕೀಲರು: ಬರಲಿ, ಕಾಯುತ್ತೇನೆ.