ಪುಟ್ಟಿಯ ಹೂವಿನ ಲೆಕ್ಕ

ಎಲ್ಲರಿಗೂ ನಮಸ್ಕಾರ. ಇಷ್ಟನ್ನೆಲ್ಲ ಟೈಪ್ ಮಾಡುತ್ತಾ ಕೂರುವುದು ನನ್ನ ಕೈಲಿ ಆಗುವುದಿಲ್ಲ, ಅದಕ್ಕೇ ವಾಯ್ಸ್ ಕಳಿಸುತ್ತಿದ್ದೇನೆ. ಸ್ವಲ್ಪ ಉದ್ದ ಆಗಬಹುದು. ಬೇಜಾರಾದರೆ ಸ್ಪೀಡ್ ಜಾಸ್ತಿ ಮಾಡಿಕೊಂಡು ಕೇಳಿ.

ತಂಗೀ, ನಿನ್ನೆ ರಾತ್ರಿ ನೀನು ಹಾಕಿದ ಪುಟ್ಟಿಯ ಹೋಮ್‌ವರ್ಕ್ ಫೋಟೋ ನೋಡಿದೆ. ಹೂವಾಡಗಿತ್ತಿ ಮೊದಲ ದಿನ 3 ಮಾರು ಹೂ ಕಟ್ಟಿದಳು, ಎರಡನೇ ದಿನ 7, ಮೂರನೇ ದಿನ 11. ಹೀಗೇ ಹೆಚ್ಚುತ್ತಾ ಹೋದರೆ 10ನೇ ದಿನ ಎಷ್ಟು? ಪುಟ್ಟಿ 43 ಬರೆದಿದ್ದಾಳೆ. ನೀನು 39 ಅಂದೆ. ನಿಮ್ಮ ಭಾವ ಪಕ್ಕದ ರೂಮಿನಲ್ಲಿ ಕೂತುಕೊಂಡೇ ಗ್ರೂಪಿಗೆ "ಎ ಪ್ಲಸ್ ಎನ್ ಮೈನಸ್ ಒನ್ ಇಂಟು ಡಿ" ಅಂತ ಸೂತ್ರ ಕಳಿಸಿದರು. ನಾಲ್ಕನೇ ಕ್ಲಾಸಿನ ಮಗುವಿಗೆ!

39 ಸರಿ. ಆದರೆ ಅವಳನ್ನು ಬೈಯಬೇಡ ಕಣೇ. ದಿನಕ್ಕೆ 4 ಮಾರು ಜಾಸ್ತಿ ಆಗುತ್ತಿದೆ ಅಂತ ತಾನೇ ಕಂಡುಹಿಡಿದಿದ್ದಾಳೆ, ಕಷ್ಟದ ಕೆಲಸ ಅದೇ. ಆಮೇಲೆ ಹತ್ತು ದಿನ ಅಲ್ವಾ ಅಂತ ನಾಲ್ಕು ಹತ್ತಲೆ ನಲವತ್ತು ಮಾಡಿ 3 ಸೇರಿಸಿದಳು. ಅಲ್ಲೇ ಜಾರಿದ್ದು.

ಅವಳಿಗೆ ಒಂದು ಕೈ ಅಗಲಿಸಿ ಹಿಡಿಯಲು ಹೇಳು. ಬೆರಳು ಐದು. ಬೆರಳಿನ ಸಂದು ಎಷ್ಟು? ನಾಲ್ಕೇ. ದಿನ ಅಂದರೆ ಬೆರಳು, 4 ಮಾರು ಹೆಚ್ಚುವುದು ಸಂದಿನಲ್ಲಿ. ಹತ್ತು ದಿನಕ್ಕೆ ಒಂಬತ್ತು ಸಂದು. ನಾಲ್ಕೊಂಬತ್ತಲೆ ಮೂವತ್ತಾರು, ಮೊದಲ ದಿನದ 3 ಸೇರಿದರೆ 39. ಆದರೂ ಒಪ್ಪದಿದ್ದರೆ ಅವಳ ದಾರಿಯಲ್ಲೇ ಎರಡನೇ ದಿನದ ಲೆಕ್ಕ ಮಾಡಿಸು. ಎರಡು ನಾಲ್ಕು ಎಂಟು, 3 ಸೇರಿ 11 ಬರುತ್ತದೆ. ಪ್ರಶ್ನೆಯಲ್ಲಿ 7 ಅಂತ ಇದೆಯಲ್ಲ ಅಂತ ಅವಳೇ ಹಿಡಿಯುತ್ತಾಳೆ. ನೀನು ಸುಮ್ನೆ ಕೂತಿರು, ಬಾಯಿ ಹಾಕಬೇಡ.

ದೊಡ್ಡವರೂ ಇಲ್ಲಿ ಎಡವುತ್ತಾರೆ. ಅಪ್ಪ ತೆಂಗಿನ ಸಸಿ ತಂದದ್ದು ನೆನಪಿದೆಯಾ? ಬದು 250 ಅಡಿ, ಸಸಿಯಿಂದ ಸಸಿಗೆ 25 ಅಡಿ. ಸೀದಾ ಭಾಗಿಸಿ 10 ಸಸಿ ತಂದರು. ಆಳುಗಳು ಹಗ್ಗ ಹಿಡಿದು ಈ ತುದಿಯಿಂದ ಆ ತುದಿಗೆ 11 ಗುಂಡಿ ತೋಡಿದ್ದರು. ಕೊನೆಯದು ಮಳೆಗಾಲ ಪೂರ್ತಿ ಖಾಲಿ, ನಾವಿಬ್ಬರೂ ಅದರಲ್ಲಿ ಕಾಗದದ ದೋಣಿ ಬಿಟ್ಟಿದ್ದೆವು.

ಇನ್ನೊಂದು ವಿಷಯ. ಅದೇ ಹಾಳೆಯ ಕೆಳಗೆ 1, 2, 4, ಮುಂದೇನು ಅಂತ ಇದೆ. ಪುಟ್ಟಿ 7 ಬರೆದಿದ್ದಳು, ನೀನು ಹೊಡೆದುಹಾಕಿ 8 ಮಾಡಿದ್ದೀಯ. ಪಾಪ, ಅವಳದೂ ಸರಿಯೇ. ನೀನು ಪ್ರತಿಸಲ ಎರಡರಷ್ಟು ಮಾಡಿದೆ. ಅವಳು ಮೊದಲು 1, ಆಮೇಲೆ 2, ಆಮೇಲೆ 3 ಕೂಡಿಸಿದಳು. ಬರೀ ಮೂರು ಸಂಖ್ಯೆ ಕೊಟ್ಟು ನಿಯಮ ಹೇಳದಿದ್ದರೆ ತಪ್ಪು ಪ್ರಶ್ನೆಯದು. "ಹೇಗೆ ಬಂತು?" ಅಂತ ಕೇಳಬೇಕಿತ್ತು ನೀನು.

ಇನ್ನು ನಿಮ್ಮ ಭಾವನವರಿಗೂ ಒಂದು ಲೆಕ್ಕ. ಇದು ನನ್ನದಲ್ಲ, ಭಾಸ್ಕರಾಚಾರ್ಯರು 1150ರಲ್ಲಿ ಬರೆದ ಲೀಲಾವತಿ ಅನ್ನುವ ಗಣಿತದ ಪುಸ್ತಕದ್ದು. ಒಬ್ಬ ಮೊದಲ ದಿನ 4 ದ್ರಮ್ಮ, ಅಂದರೆ ಆಗಿನ ಕಾಲದ ನಾಣ್ಯ, ದಾನ ಮಾಡಿದ, ದಿನಾ 5 ಹೆಚ್ಚಿಸುತ್ತಾ ಹೋದ. 15 ದಿನಕ್ಕೆ ಒಟ್ಟು ಎಷ್ಟು? ಇಲ್ಲೂ ಸಂದು 14, ಹಾಗಾಗಿ ಕೊನೆಯ ದಿನ 74. ನಡುವಿನ ದಿನದ್ದಕ್ಕಿಂತ ಮೊದಲ ದಿನದ್ದು ಎಷ್ಟು ಕಡಿಮೆಯೋ ಕೊನೆಯ ದಿನದ್ದು ಅಷ್ಟೇ ಜಾಸ್ತಿ. ಎರಡನ್ನೂ ಕೂಡಿಸಿ ಅರ್ಧ ಮಾಡಿದರೆ 39. ಅರೆ, ನಮ್ಮ ಹೂವಿನ ಸಂಖ್ಯೆಯೇ ಬಂತಲ್ಲ! ಅದನ್ನು 15ರಿಂದ ಗುಣಿಸಿದರೆ 585. ಸೂತ್ರ ಇಲ್ಲದೆ ಆಯಿತು ನೋಡಿ.

ಇರಿ, ಕುಕ್ಕರ್ ಕೂಗುತ್ತಿದೆ. ಪುಟ್ಟಿ ಸ್ಕೂಲಿನಿಂದ ಬಂದ ಮೇಲೆ ಫೋನ್ ಮಾಡಿಸು. ಹತ್ತು ದಿನಕ್ಕೆ ಹೂವಾಡಗಿತ್ತಿ ಒಟ್ಟು ಎಷ್ಟು ಮಾರು ಕಟ್ಟಿದಳು ಅಂತ ಅವಳನ್ನೇ ಕೇಳುತ್ತೇನೆ. ಅಲ್ಲಿಯವರೆಗೆ ಗ್ರೂಪಿನಲ್ಲಿ ಯಾರೂ ಉತ್ತರ ಹಾಕಬೇಡಿ.